ನಮ್ಮ ಕಡತದ ಮನ್ರೋ, ಅವರ ಬೆಟ್ಟದ ಮನ್ರೋ

ಕಾಸರಗೋಡಿನಲ್ಲಿ ಕನ್ನಡ ಶಾಲೆಗೆ ಹೋಗುವ ಮಕ್ಕಳಿಗೆ ಮನ್ರೋ ಎಂಬ ಹೆಸರು ಎರಡು ದಿಕ್ಕಿನಿಂದ ಬಂದು ಕಿವಿಗೆ ಬೀಳುತ್ತದೆ. ಕೇರಳದ ಚರಿತ್ರೆ ಓದಿದರೆ ತಿರುವಿತಾಂಕೂರಿನ ರೆಸಿಡೆಂಟ್, ಅಂದರೆ ಅರಸನ ಬಳಿಯ ಈಸ್ಟ್ ಇಂಡಿಯಾ ಕಂಪೆನಿಯ ಪ್ರತಿನಿಧಿ, ದಿವಾನನೂ ಆಗಿದ್ದ ಕರ್ನಲ್ ಮನ್ರೋ. ಹಳೆಯ ಜಮೀನಿನ ಹಕ್ಕು ಮತ್ತು ಕಂದಾಯ, ಅಂದರೆ ವರ್ಗ, ಮೂಲಗೇಣಿ, ತೀರ್ವೆಯ ಮಾತು ಬಂದರೆ ಕೆನರಾ ಜಿಲ್ಲೆಯ ಮೊದಲ ಕಲೆಕ್ಟರ್ ಮನ್ರೋ. ಇಬ್ಬರೂ ಒಬ್ಬನೇ ಎಂದುಕೊಂಡು ಬರೆದ ಲೇಖನಗಳು, ಭಾಷಣಗಳು ಬೇಕಾದಷ್ಟಿವೆ. ಕೊಲ್ಲಂ ಬಳಿಯ ಅಷ್ಟಮುಡಿ ಕಾಯಲಿನ ಮನ್ರೋ ತುರುತ್ತು ಎಂಬ ದ್ವೀಪಕ್ಕೆ ಹೆಸರು ಕೊಟ್ಟವನು ಜಾನ್ ಮನ್ರೋ. ಬೇಕಲ, ಕುಂಬಳೆ, ಮಂಜೇಶ್ವರದ ಕಂದಾಯ ಲೆಕ್ಕ ಬಿಡಿಸಿದವನು ಥಾಮಸ್ ಮನ್ರೋ. ಒಬ್ಬನ ಊರು ಸ್ಕಾಟ್ಲೆಂಡಿನ ಉತ್ತರದ ರಾಸ್ ಸೀಮೆ, ಇನ್ನೊಬ್ಬ ಹುಟ್ಟಿದ್ದು ಗ್ಲಾಸ್ಗೋ ಪಟ್ಟಣದ ವ್ಯಾಪಾರಿ ಮನೆಯಲ್ಲಿ. ಒಂದೇ ಅಡ್ಡಹೆಸರು, ಒಂದೇ ಕಾಲ, ಒಂದೇ ಕಂಪೆನಿಯ ನೌಕರಿ, ಇಬ್ಬರಿಗೂ ಕರ್ನಲ್ ಪದವಿ. ಗೊಂದಲವಾಗದಿದ್ದರೆ ಆಶ್ಚರ್ಯ.

ಗೊಂದಲದ ಬೇರು ಆ ಹೆಸರಿನ ಸ್ವಭಾವದಲ್ಲೇ ಇದೆ. ಮನ್ರೋ ಎಂಬುದು ಸ್ಕಾಟ್ಲೆಂಡಿನ ಒಂದು ಕುಲದ ಹೆಸರು, ಅವರ ಮಾತಿನಲ್ಲಿ ಕ್ಲ್ಯಾನ್. ನಮ್ಮಲ್ಲಿ ತರವಾಡಿನ ಹೆಸರು ಹೇಗೆ ರಕ್ತಸಂಬಂಧಿಗಳಿಗೂ ಆ ಮನೆಯ ಆಶ್ರಯದಲ್ಲಿ ಬದುಕಿದವರಿಗೂ ಅಂಟಿಕೊಳ್ಳುತ್ತದೋ ಹಾಗೆಯೇ ಇದೂ. ಯಜಮಾನನ ಜಾಗದಲ್ಲಿ ಒಕ್ಕಲಾಗಿದ್ದವರು, ಅವನ ಪಡೆಯಲ್ಲಿ ಕತ್ತಿ ಹಿಡಿದವರು, ರಕ್ಷಣೆ ಬೇಡಿ ಬಂದವರು ಎಲ್ಲರೂ ಅದೇ ಹೆಸರು ಇಟ್ಟುಕೊಂಡರು. ಆದ್ದರಿಂದ ಇಬ್ಬರು ಮನ್ರೋಗಳು ಸಿಕ್ಕಿದರೆ ಅವರು ದಾಯಾದಿಗಳೇ ಆಗಬೇಕೆಂದಿಲ್ಲ. ಸ್ಕಾಟಿಷ್ ಅಡ್ಡಹೆಸರುಗಳನ್ನು ಹಿಡಿದು ವಂಶವೃಕ್ಷ ಬರೆಯಲು ಹೊರಟವರು ಎಡವುವ ಮೊದಲ ಕಲ್ಲು ಇದೇ.

ಕುಲದ ಸೀಮೆ ಇರುವುದು ಇನ್ವರ್ನೆಸ್‌ನ ಉತ್ತರಕ್ಕೆ, ಕ್ರೊಮಾರ್ಟಿ ಎಂಬ ಸಮುದ್ರದ ಚಾಚಿನ ಬಡಗು ದಂಡೆಯಲ್ಲಿ, ಡಿಂಗ್‌ವಾಲ್ ಮತ್ತು ಆಲ್ನೆಸ್ ಊರುಗಳ ನಡುವೆ. ಆ ಪಟ್ಟಿಗೆ ಫೆರಿನ್‌ಡೊನಾಲ್ಡ್ ಎಂದು ಹೆಸರು, ಅಂದರೆ ಡೊನಾಲ್ಡನ ಜಮೀನು. ಯಜಮಾನನ ಮನೆ ಫೌಲಿಸ್ ಕೋಟೆ, ಎವಾಂಟನ್ ಎಂಬ ಹಳ್ಳಿಯ ಹತ್ತಿರ. ಗೇಲಿಕ್ ಭಾಷೆಯಲ್ಲಿ ಇವರನ್ನು ರೋಥಾಕ್ ಎನ್ನುತ್ತಾರೆ. ಐರ್ಲೆಂಡಿನ ರೋ ಹೊಳೆಯ ಕಡೆಯಿಂದ ಬಂದವರು ಎಂಬುದು ಕುಲದ ನಂಬಿಕೆ. ದಾಖಲೆಗಳಲ್ಲಿ ಹೆಸರು ಗಟ್ಟಿಯಾಗಿ ಕಾಣುವುದು 14ನೇ ಶತಮಾನದಿಂದ. ಲಾಂಛನ ಹದ್ದು. ಧ್ಯೇಯವಾಕ್ಯ ‘ದೇವರಿಗೆ ಅಂಜು’. ಯುದ್ಧದ ಕೂಗು ‘ಫೌಲಿಸ್ ಕೋಟೆ ಉರಿಯುತ್ತಿದೆ’. ಈ ಕೂಗಿನ ಬಗ್ಗೆ ಹೇಳಲೇಬೇಕಾದ ಒಂದು ಮಾತೆಂದರೆ, ಕೋಟೆ 1750ರಲ್ಲಿ ನಿಜವಾಗಿಯೂ ಸುಟ್ಟುಹೋಯಿತು. ಈಗ ನಿಂತಿರುವುದು ಆಮೇಲೆ ಕಟ್ಟಿದ್ದು.

ಜಾಗಕ್ಕೆ ಅವರು ಕೊಡಬೇಕಾಗಿದ್ದ ಗೇಣಿಯ ಕಥೆಯೊಂದಿದೆ. ಅರಸ ಕೇಳಿದರೆ ನಡುಬೇಸಗೆಯಲ್ಲೂ ಒಂದು ಹಿಮದ ಉಂಡೆ ತಂದೊಪ್ಪಿಸಬೇಕು, ಇಷ್ಟೇ ಕರಾರು. ಅವರ ಸೀಮೆಯ ಹಿಂದೆಯೇ ಬೆನ್ ವೈವಿಸ್ ಎಂಬ 1,046 ಮೀಟರಿನ ಬೆಟ್ಟವಿದೆ. ಅದರ ಉತ್ತರ ಮಗ್ಗುಲಿನ ಕೊರಕಲುಗಳಲ್ಲಿ ಬೇಸಗೆಯಲ್ಲೂ ಹಿಮ ಉಳಿಯುತ್ತಿತ್ತು, ಹಾಗಾಗಿ ಕರಾರು ಮುರಿಯುವ ಭಯವಿರಲಿಲ್ಲ. ಕಥೆ ಪೂರ್ತಿ ನಿಜವೋ ಅಲ್ಲವೋ, ಆ ಬೆಟ್ಟದ ಹೆಸರು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ರಾಜಕೀಯದಲ್ಲಿ ಈ ಕುಲ ಬಹುಮಟ್ಟಿಗೆ ಸರ್ಕಾರದ ಕಡೆ. ಹೈಲ್ಯಾಂಡ್ ಎಂಬ ಉತ್ತರದ ಬೆಟ್ಟಸೀಮೆ ಎಂದರೆ ಬ್ರಿಟನ್ನಿನ ಸಿಂಹಾಸನ ತನ್ನ ಮನೆತನದ್ದು ಎಂದ ಸ್ಟುವರ್ಟ್ ರಾಜಕುಮಾರನ ಪರ ಎದ್ದ ದಂಗೆಕೋರರು ಎಂಬ ಸಿನಿಮಾ ಚಿತ್ರ ನಮ್ಮ ತಲೆಯಲ್ಲಿರುತ್ತದೆ. ಮನ್ರೋಗಳು ಅದಕ್ಕೆ ಉಲ್ಟಾ. ಫೌಲಿಸ್‌ನ ಸರ್ ರಾಬರ್ಟ್ ಮನ್ರೋ, ಮುಂದೆ ಬ್ಲ್ಯಾಕ್ ವಾಚ್ ಎಂದು ಹೆಸರಾದ ಹೈಲ್ಯಾಂಡ್ ದಳದ ದಂಡನಾಯಕ. 1745ರ ಮೇ ತಿಂಗಳಲ್ಲಿ ಫಾಂಟೆನಾಯ್ ಯುದ್ಧದಲ್ಲಿ ಫ್ರೆಂಚರ ಗುಂಡು ಹಾರಿದಾಗಲೆಲ್ಲ ತನ್ನ ಸೈನಿಕರಿಗೆ ನೆಲಕ್ಕೆ ಮಲಗಿ ಎಂದು ಅಪ್ಪಣೆ ಕೊಡುತ್ತಿದ್ದ. ತಾನು ಮಾತ್ರ ನಿಂತೇ ಇದ್ದ, ಏಕೆಂದರೆ ಅವನ ಗಾತ್ರಕ್ಕೆ ಒಮ್ಮೆ ಮಲಗಿದರೆ ಬೇಗ ಏಳಲಾಗುತ್ತಿರಲಿಲ್ಲ. ಮುಂದಿನ ವರ್ಷ ಜನವರಿ 17ರಂದು ಫಾಲ್ಕರ್ಕ್‌ನಲ್ಲಿ ಸ್ಟುವರ್ಟ್ ಪಡೆಯ ಕೈಯಲ್ಲಿ ಸತ್ತ. ಜೊತೆಗಿದ್ದ ವೈದ್ಯ ತಮ್ಮನೂ ಸತ್ತ. ಅದಕ್ಕೂ ನೂರು ವರ್ಷ ಹಿಂದೆ ಇದೇ ಕುಲದವರು ಸ್ವೀಡನ್ನಿನ ಅರಸನ ಪರ ಜರ್ಮನಿಯಲ್ಲಿ ಕೂಲಿಸೇನೆಯಾಗಿ ಹೋರಾಡಿದ್ದರು. ಜಮೀನು ಕಡಿಮೆ, ಗಂಡುಮಕ್ಕಳು ಹೆಚ್ಚು. ಕತ್ತಿ ಹಿಡಿದು ಹೊರಡುವುದೇ ಕಿರಿಮಗನಿಗಿದ್ದ ಉದ್ಯೋಗ. ಈಸ್ಟ್ ಇಂಡಿಯಾ ಕಂಪೆನಿಯ ಪಟ್ಟಿಯಲ್ಲಿ ಇಷ್ಟೊಂದು ಮನ್ರೋಗಳು ಕಾಣುವುದಕ್ಕೆ ಇದಕ್ಕಿಂತ ಬೇರೆ ಕಾರಣ ಹುಡುಕಬೇಕಾಗಿಲ್ಲ.

ಹಾಗೆ ಬಂದವರಲ್ಲಿ ಮೊದಲು ದೊಡ್ಡ ಹೆಸರು ಮಾಡಿದವನು ನೋವಾರ್‌ನ ಹೆಕ್ಟರ್ ಮನ್ರೋ. 1764ರಲ್ಲಿ ಬಕ್ಸಾರ್ ಗೆದ್ದವನು. 1780ರ ಸೆಪ್ಟೆಂಬರ್ 10ರಂದು ಪೊಳ್ಳಿಲೂರಿನಲ್ಲಿ ಹೈದರ್ ಮತ್ತು ಟಿಪ್ಪು ಕರ್ನಲ್ ಬೈಲಿಯ ಕಂಪೆನಿ ಪಡೆಯನ್ನು ನಾಶ ಮಾಡುತ್ತಿದ್ದಾಗ ಹತ್ತಿರದ ಕಂಚಿಯಲ್ಲೇ ಇದ್ದೂ ಹೋಗಿ ಸೇರಲಾಗದೆ, ಭಾರದ ತೋಪುಗಳನ್ನು ದೇವಸ್ಥಾನದ ಕೆರೆಗೆ ತಳ್ಳಿ ಹಿಂದೆ ಸರಿದವನೂ ಇವನೇ. ಶ್ರೀರಂಗಪಟ್ಟಣದ ದರಿಯಾ ದೌಲತ್ ಗೋಡೆಯ ಮೇಲೆ ಆ ಯುದ್ಧದ ಚಿತ್ರವಿದೆ. 1781ರಲ್ಲಿ ಡಚ್ಚರಿಂದ ನಾಗಪಟ್ಟಣ ಹಿಡಿದ. ಊರಿಗೆ ಹೋದ ಮೇಲೆ ಆಲ್ನೆಸ್ ಮೇಲಿನ 453 ಮೀಟರಿನ ಫೈರಿಶ್ ಗುಡ್ಡದ ತುದಿಯಲ್ಲಿ ನಾಗಪಟ್ಟಣದ ಕೋಟೆಬಾಗಿಲಿನ ಮಾದರಿಯಲ್ಲಿ ಕಲ್ಲಿನ ಕಮಾನುಗಳನ್ನು ಕಟ್ಟಿಸಿದ. ಕೆಲಸವಿಲ್ಲದ ಜನರಿಗೆ ಕೂಲಿ ಸಿಗಲಿ ಎಂದು ಕಟ್ಟಿಸಿದ್ದಂತೆ. ಮೇಲೆ ಹೊತ್ತ ಕಲ್ಲನ್ನು ಮತ್ತೆ ಕೆಳಗೆ ಉರುಳಿಸಿ ಇನ್ನೊಮ್ಮೆ ಹೊರಿಸುತ್ತಿದ್ದ ಎಂಬ ಕಥೆಯನ್ನೂ ಅಲ್ಲಿಯವರು ಸೇರಿಸುತ್ತಾರೆ. ತಮಿಳುನಾಡಿನ ಕರಾವಳಿಯ ಬಾಗಿಲು ಹೈಲ್ಯಾಂಡಿನ ಮಳೆಗಾಳಿಯಲ್ಲಿ ಇವತ್ತಿಗೂ ನಿಂತಿದೆ. ಹೆಕ್ಟರನ ಮಗನೊಬ್ಬನನ್ನು 1792ರಲ್ಲಿ ಗಂಗಾಸಾಗರದ ದ್ವೀಪದಲ್ಲಿ ಹುಲಿ ಕೊಂದಿತು. ಟಿಪ್ಪುವಿನ ಪ್ರಸಿದ್ಧ ಮರದ ಹುಲಿ, ಈಗ ಲಂಡನ್ನಿನ ವಿಕ್ಟೋರಿಯಾ ಮತ್ತು ಆಲ್ಬರ್ಟ್ ವಸ್ತುಸಂಗ್ರಹಾಲಯದಲ್ಲಿರುವುದು, ಈ ಸುದ್ದಿಯಿಂದ ಹುಟ್ಟಿರಬಹುದು ಎಂಬ ಊಹೆಯಿದೆ. ಊಹೆ ಎಂದೇ ಹೇಳಬೇಕು. ಖಚಿತ ಎಂದು ಹಂಚುವವರನ್ನು ನಂಬಬೇಡಿ.

ಹೆಕ್ಟರನ ಇನ್ನೊಂದು ಮುಖ ಪ್ರವಾಸಿ ಪುಸ್ತಕಗಳಲ್ಲಿ ಬರುವುದಿಲ್ಲ. ಅವನ ಕಿಲ್ಡರ್ಮೋರಿ ಕಣಿವೆಯನ್ನು ಹೊರಗಿನ ಕುರಿ ವ್ಯಾಪಾರಿಗಳಿಗೆ ಗೇಣಿಗೆ ಕೊಟ್ಟಿತ್ತು. 1792ರಲ್ಲಿ ಅಲ್ಲಿಯ ಒಕ್ಕಲುಗಳ ದನಗಳು ಹಳೆಯ ಅಭ್ಯಾಸದಂತೆ ಮೇಯಲು ಹೋದಾಗ ಹೊಸ ಗೇಣಿದಾರರು ಹಿಡಿದು ದೊಡ್ಡಿಗೆ ಹಾಕಿದರು. ಜನ ದೊಡ್ಡಿ ಒಡೆದು ದನ ಬಿಡಿಸಿಕೊಂಡರು. ಆಮೇಲೆ ಸೀಮೆಯ ಕುರಿಗಳನ್ನೆಲ್ಲ ಒಟ್ಟು ಹಾಕಿ ದಕ್ಷಿಣಕ್ಕೆ ಅಟ್ಟಲು ಹೊರಟರು. ಅವರನ್ನು ಚದುರಿಸಲು ಬಂದದ್ದು ಅದೇ ಬ್ಲ್ಯಾಕ್ ವಾಚ್. ಗೇಲಿಕ್ ಜನ ಆ ವರ್ಷವನ್ನು ಕುರಿಗಳ ವರ್ಷ ಎಂದು ಕರೆಯುತ್ತಾರೆ. ಹೈಲ್ಯಾಂಡ್ ಕಣಿವೆಗಳಿಂದ ಒಕ್ಕಲೆಬ್ಬಿಸುವ ಕೆಲಸ ಮುಂದಿನ ಅರ್ಧ ಶತಮಾನ ನಡೆಯಿತು. ರೈತನನ್ನು ಉಳಿಸಿದವನು ಎಂದು ನಮ್ಮ ಗಡಿಜಿಲ್ಲೆಗಳಲ್ಲಿ ಹೊಗಳಿಸಿಕೊಂಡ ಹೆಸರು, ತನ್ನ ಮೂಲಸೀಮೆಯಲ್ಲಿ ಹೀಗೂ ನೆನಪಾಗುತ್ತದೆ.

ಇನ್ನು ಥಾಮಸ್. ಹುಟ್ಟಿದ್ದು 1761ರ ಮೇ 27, ಗ್ಲಾಸ್ಗೋ. ತಂದೆ ವರ್ಜೀನಿಯಾದ ತಂಬಾಕು ವ್ಯಾಪಾರದವನು. ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ ವ್ಯಾಪಾರ ಮುಳುಗಿತು, ಮಗ 1780ರಲ್ಲಿ ಮದ್ರಾಸಿಗೆ ಕೆಡೆಟ್ ಆಗಿ ಬಂದ. ಮೊದಲ ಯುದ್ಧವೇ ಹೆಕ್ಟರ್ ಮನ್ರೋನ ಪಡೆಯಲ್ಲಿ, ಹೈದರನ ವಿರುದ್ಧ. ಅವನ ಮುಂದಿನ ನೌಕರಿಯನ್ನು ನಕ್ಷೆಯ ಮೇಲೆ ಗುರುತು ಹಾಕುತ್ತ ಹೋದರೆ ಒಂದು ವಿಚಿತ್ರ ಕಾಣುತ್ತದೆ. ಇವತ್ತು ಕರ್ನಾಟಕದ ಹೊರಗೆ ಕನ್ನಡ ಮಾತಾಡುವವರು ಇರುವ ಗಡಿಸೀಮೆಗಳಲ್ಲಿ ಹಲವು ಒಂದಲ್ಲ ಒಂದು ಕಾಲಕ್ಕೆ ಅವನ ಕೈಕೆಳಗೆ ಅಥವಾ ಅವನ ಪಡೆಯ ದಾರಿಯಲ್ಲಿ ಬಂದಿವೆ. 1792ರಿಂದ 1799ರವರೆಗೆ ಅಲೆಕ್ಸಾಂಡರ್ ರೀಡ್‌ನ ಕೈಕೆಳಗೆ ಬಾರಾಮಹಲ್, ಅಂದರೆ ಈಗಿನ ಕೃಷ್ಣಗಿರಿ, ಧರ್ಮಪುರಿ ಕಡೆ. 1799ರಲ್ಲಿ ಟಿಪ್ಪು ಸತ್ತ ಮೇಲೆ ಕೆನರಾ. ಕಾಸರಗೋಡು ಆಗ ಬೇಕಲ ತಾಲೂಕು. 1800ರಿಂದ 1807ರವರೆಗೆ ನಿಜಾಮನು ಬಿಟ್ಟುಕೊಟ್ಟ ದತ್ತಮಂಡಲ: ಬಳ್ಳಾರಿ, ಅನಂತಪುರ, ಕಡಪ ಮತ್ತು ಕರ್ನೂಲಿನ ಆದೋನಿ, ಪತ್ತಿಕೊಂಡದಂಥ ಭಾಗಗಳು. 1818ರ ಮೇ ತಿಂಗಳಲ್ಲಿ ಪೇಶ್ವೆಯ ಸೊಲ್ಲಾಪುರದ ಕೋಟೆ ಹಿಡಿದವನೂ ಅವನೇ. ಅದಕ್ಕೆ ಮುಂಚೆ ಬಾದಾಮಿ, ಬೆಳಗಾವಿ. ಆ ದಂಡಯಾತ್ರೆಯಲ್ಲಿ ಅವನು ಖಾಯಂ ಸೈನಿಕರು ಸಾಲದ್ದಕ್ಕೆ ಊರ ಪೇದೆಗಳನ್ನೇ ಕೂಲಿಗೆ ಹಿಡಿದು ಊರೂರು ವಶ ಮಾಡುತ್ತ ಹೋದ. 1820ರಿಂದ 1827ರವರೆಗೆ ಮದ್ರಾಸಿನ ಗವರ್ನರ್.

ಕೆನರಾದಲ್ಲಿ ಅವನಿದ್ದದ್ದು ಒಂದು ವರ್ಷದ ಆಸುಪಾಸು. ಈ ಮಳೆಯ ಸೀಮೆ ಅವನಿಗೆ ಹಿಡಿಸಲೇ ಇಲ್ಲ. ಬೇರೆಡೆಗೆ ಕಳಿಸಿ ಎಂದು ಕೇಳಿಕೊಳ್ಳುತ್ತಲೇ ಇದ್ದ. ವಿಟ್ಲದ ಹೆಗ್ಗಡೆಯ ದಂಗೆ 1800ರಲ್ಲಿ ಮಂಜೇಶ್ವರದವರೆಗೆ ಚಾಚಿತು, ಅದನ್ನು ಅಡಗಿಸಿ ಹೆಗ್ಗಡೆಯನ್ನು ಗಲ್ಲಿಗೇರಿಸಲಾಯಿತು. ಇದರ ನಡುವೆಯೇ ಅವನು ಮಾಡಿದ ಕೆಲಸ ಶಾನುಭೋಗರ ಹಳೆಯ ಲೆಕ್ಕಗಳನ್ನು ಬಿಚ್ಚಿಸಿ ಓದಿಸಿದ್ದು. ವಿಜಯನಗರದ ಹರಿಹರನ ಕಾಲದ ರೇಖೆ ಎಂಬ ಮೂಲ ತೀರ್ವೆ, ಇಕ್ಕೇರಿ ನಾಯಕರು ಅದರ ಮೇಲೆ ಏರಿಸಿದ್ದು, ಆಮೇಲೆ ಹೈದರ್ ಮತ್ತು ಟಿಪ್ಪು ಸೇರಿಸಿದ ಶಾಮಿಲು ಎಂಬ ಹೆಚ್ಚುವರಿ, ಹೀಗೆ ಪದರ ಪದರವಾಗಿ ತೀರ್ವೆ ಬೆಳೆದದ್ದು ಅವನಿಗೆ ಕಂಡಿತು. ಅದಕ್ಕಿಂತ ಮುಖ್ಯವಾಗಿ ಕಂಡದ್ದು, ಇಲ್ಲಿ ಜಾಗ ಅರಸನದ್ದಲ್ಲ, ವರ್ಗದಾರನದ್ದು, ಅಂದರೆ ಹಿಡುವಳಿಯ ಮಾಲೀಕನದ್ದು. ಮಾರಬಹುದು, ಅಡವಿಡಬಹುದು, ಮಕ್ಕಳಿಗೆ ಬಿಡಬಹುದು. 1800ರ ಮೇ 31ರ ಅವನ ವರದಿ ಈ ಮಾತನ್ನು ಕಂಪೆನಿಯ ಮುಂದೆ ಇಟ್ಟಿತು. ಬಂಗಾಳದಂತೆ ಜಮೀನ್ದಾರನನ್ನು ನಡುವೆ ಕೂರಿಸದೆ ಸಾಗುವಳಿದಾರನೊಡನೆ ನೇರವಾಗಿ ಲೆಕ್ಕ ಮಾಡಬೇಕು ಎಂಬ ಅವನ ರೈತವಾರಿ ವಾದ ಬಾರಾಮಹಲ್‌ನಲ್ಲಿ ಮೊಳೆತಿತ್ತು. ಸ್ವಂತ ಜಾಗದ ರೈತ ಹೇಗಿರುತ್ತಾನೆ ಎಂಬ ಮಾದರಿ ಅದಕ್ಕೆ ಸಿಕ್ಕಿದ್ದು ನಮ್ಮ ಕರಾವಳಿಯಲ್ಲಿ.

ಹಳೆಯ ಆಧಾರ ಓದುವವರಿಗೆ ಈ ಪದಗಳ ವ್ಯತ್ಯಾಸ ಇಂದಿಗೂ ಬೇಕು. ಮೂಲವರ್ಗ ಎಂದರೆ ಮಾಲೀಕತ್ವದ ಹಿಡುವಳಿ. ವಾರಸುದಾರರಿಲ್ಲದೆ ಸರ್ಕಾರಕ್ಕೆ ಬಿದ್ದು, ಮತ್ತೆ ಗೇಣಿಗೆ ಕೊಟ್ಟದ್ದು ಸರ್ಕಾರಿ ಗೇಣಿ ವರ್ಗ. ಮೂಲಗೇಣಿ ಶಾಶ್ವತ, ಗೇಣಿ ಏರಿಸುವಂತಿಲ್ಲ. ಚಾಲಗೇಣಿ ಯಜಮಾನನ ಮರ್ಜಿಯದ್ದು. ಕಾಸರಗೋಡಿನ ಮಟ್ಟಿಗೆ ಗೇಣಿಯ ವ್ಯವಹಾರವೇ 1970ರ ಜನವರಿ 1ರಿಂದ ಕೇರಳದ ಭೂಸುಧಾರಣೆಯಲ್ಲಿ ಮುಗಿಯಿತು. ಆದರೆ ಹಕ್ಕಿನ ಮೂಲ ಹುಡುಕುವಾಗ ಅದಕ್ಕೂ ಹಿಂದಿನ ಕಾಗದದಲ್ಲಿ ಈ ನಾಲ್ಕರಲ್ಲಿ ಯಾವುದಿದೆ ಎಂದು ನೋಡದೆ ಮುಂದೆ ಹೋಗಬಾರದು. ‘ಮನ್ರೋ ಸರ್ವೆ’ಯ ನಕ್ಷೆ ಸಿಗಬಹುದೇ ಎಂದು ಹುಡುಕುವವರಿಗೆ ನೇರ ಉತ್ತರ: ಕೆನರಾದಲ್ಲಿ ಅವನು ಗದ್ದೆಗದ್ದೆಗೆ ಅಳತೆಯ ಸರಪಳಿ ಹಿಡಿಸಲಿಲ್ಲ. ಆ ಅಳತೆ ದಕ್ಷಿಣ ಕನ್ನಡಕ್ಕೆ ಬಂದದ್ದು 19ನೇ ಶತಮಾನದ ಕೊನೆಗೆ.

ಸರಪಳಿ ಹಿಡಿಸಿದ್ದು ದತ್ತಮಂಡಲದಲ್ಲಿ, 1802ರಿಂದ. ಸರಪಳಿಯ ಉದ್ದ 33 ಅಡಿ. 33ನ್ನು 33ರಿಂದ ಗುಣಿಸಿದರೆ 1,089 ಚದರ ಅಡಿ, ಅದು ಒಂದು ಗುಂಟೆ. 40 ಗುಂಟೆ ಸೇರಿದರೆ 43,560 ಚದರ ಅಡಿ, ಸರಿಯಾಗಿ ಒಂದು ಎಕರೆ. ಕಾಸರಗೋಡಿನ ನಾವು ಸೆಂಟ್ಸ್ ಲೆಕ್ಕದವರು, ಎಕರೆಗೆ 100 ಸೆಂಟ್ಸ್, ಸೆಂಟ್ಸಿಗೆ 435.6 ಚದರ ಅಡಿ. ಒಂದು ಗುಂಟೆ ಎಂದರೆ ಎರಡೂವರೆ ಸೆಂಟ್ಸ್. ಈ ಸೀಮೆಯಲ್ಲಿ ಅವನಿಗೆ ಎದುರಾದದ್ದು ಸುಮಾರು 80 ಪಾಳೆಯಗಾರರು. ಅವರ ಕೋಟೆ ಮುರಿದು, ಕೆಲವರಿಗೆ ಪಿಂಚಣಿ ಕಟ್ಟಿ, ಕೆಲವರನ್ನು ಓಡಿಸಿ ದಾರಿ ಮಾಡಿಕೊಂಡ. ರೈತರ ಪಾಲಿನ ದೇವರು ಎನ್ನುವಾಗ ಒಂದು ಮಾತು ಮರೆಯಬಾರದು. ಅವನು ನಿಗದಿ ಮಾಡಿದ ದರ ಭಾರವೇ ಆಗಿತ್ತು. ಅದನ್ನು ಅವನೇ ಒಪ್ಪಿ 1807ರಲ್ಲಿ ಊರಿಗೆ ಹೊರಡುವ ಮೊದಲು ಶೇಕಡಾ 25ರಷ್ಟು ಇಳಿಸಿ ಎಂದು ಬರೆದ. ಮದ್ರಾಸಿನವರು ಕೇಳಲಿಲ್ಲ, ಬದಲಿಗೆ ಊರುಗಳನ್ನೇ ಗುತ್ತಿಗೆಗೆ ಕೊಟ್ಟರು, ಗುತ್ತಿಗೆದಾರರು ಮುಳುಗಿದರು. ಅವನೇ ಗವರ್ನರ್ ಆಗಿ ಬಂದ ಮೇಲಷ್ಟೇ ರೈತವಾರಿ ಮತ್ತೆ ನೆಲೆಯೂರಿದ್ದು.

1827ರ ಜುಲೈ 6ರಂದು, ಊರಿಗೆ ಮರಳುವ ಮುನ್ನ ಹಳೆಯ ಸೀಮೆಯನ್ನು ಕೊನೆಯ ಸಲ ನೋಡಲು ಹೊರಟವನು ಕರ್ನೂಲು ಜಿಲ್ಲೆಯ ಪತ್ತಿಕೊಂಡದಲ್ಲಿ ಕಾಲರಾದಿಂದ ಸತ್ತ. ಗುತ್ತಿಯಲ್ಲಿ ಹೂಳಿದರು, 1831ರಲ್ಲಿ ಅಸ್ಥಿಯನ್ನು ಮದ್ರಾಸಿನ ಕೋಟೆಯ ಸೇಂಟ್ ಮೇರಿ ಇಗರ್ಜಿಗೆ ಒಯ್ದರು. ಪತ್ತಿಕೊಂಡದಲ್ಲಿ ಅವನ ನೆನಪಿಗೆ ತೋಪು, ಬಾವಿ ಮಾಡಿಸಿದರು. ಚೆನ್ನೈಯ ಮೌಂಟ್ ರೋಡಿನ ಕುದುರೆ ಸವಾರ ಇವನೇ, ಚಾಂಟ್ರಿ ಎಂಬ ಶಿಲ್ಪಿಯ ಕೈಕೆಲಸ, 1839ರಲ್ಲಿ ನಿಲ್ಲಿಸಿದ್ದು. ಹತ್ತಿರ ಹೋಗಿ ನೋಡಿದರೆ ಕುದುರೆಗೆ ಜೀನೂ ಇಲ್ಲ, ರಿಕಾಪೂ ಇಲ್ಲ. ರಾಯಲಸೀಮೆಯಲ್ಲಿ ಮಕ್ಕಳಿಗೆ ಮನ್ರೋಲಪ್ಪ ಎಂದು ಹೆಸರಿಟ್ಟರು. ತಿರುಮಲೆಯಲ್ಲಿ ನೈವೇದ್ಯದ ಪಾತ್ರೆಗೆ ಮನ್ರೋ ಗಂಗಾಳ ಎಂಬ ಹೆಸರಿದೆ. ಮಂತ್ರಾಲಯದ ಕಥೆ ಕನ್ನಡಿಗರಿಗೆ ಹೇಳಬೇಕಾಗಿಲ್ಲ: ಮಠದ ಇನಾಮು ಜಮೀನಿನ ವಿಚಾರಣೆಗೆ ಬಂದ ಕಲೆಕ್ಟರನಿಗೆ ರಾಯರು ದರ್ಶನ ಕೊಟ್ಟು ಮಾತಾಡಿದರು ಎಂಬುದು. ಅದನ್ನು ನಂಬಿಕೆಯ ಮಾತಾಗಿಯೇ ಇಟ್ಟುಕೊಳ್ಳೋಣ. ಅದು ಗ್ಲಾಸ್ಗೋದ ಹುಡುಗನೊಬ್ಬನಿಗೆ ನಮ್ಮ ಭಕ್ತಿಯ ಲೋಕದಲ್ಲಿ ಜಾಗ ಕೊಟ್ಟಿದೆ ಎಂಬುದಂತೂ ದಿಟ.

ಇಂದು ಸ್ಕಾಟ್ಲೆಂಡಿನಲ್ಲಿ ಯಾರನ್ನಾದರೂ ಮನ್ರೋ ಎಂದರೇನು ಎಂದು ಕೇಳಿ. ಕುಲದ ಮಾತೂ ಬರುವುದಿಲ್ಲ, ಕಲೆಕ್ಟರನ ಮಾತೂ ಬರುವುದಿಲ್ಲ. ಬೆಟ್ಟ ಎನ್ನುತ್ತಾರೆ. ಮೂರು ಸಾವಿರ ಅಡಿ, ಅಂದರೆ 914.4 ಮೀಟರ್ ಮೀರಿದ ಸ್ಕಾಟಿಷ್ ಬೆಟ್ಟಕ್ಕೆ ಮನ್ರೋ ಎಂದೇ ಹೆಸರು. ಈ ಹೆಸರು ಬಂದದ್ದು ಹ್ಯೂ ಮನ್ರೋ ಎಂಬವನಿಂದ, ಅವನು ನಮ್ಮ ಥಾಮಸ್ ಮನ್ರೋನ ಮೊಮ್ಮಗ. 1825ರಲ್ಲಿ ಥಾಮಸ್‌ಗೆ ಸಿಕ್ಕಿದ ಬ್ಯಾರನೆಟ್ ಬಿರುದು ಲಿಂಡರ್ಟಿಸ್ ಎಂಬ ಎಸ್ಟೇಟಿನ ಹೆಸರಿನಲ್ಲಿ ವಂಶಕ್ಕೆ ಇಳಿಯಿತು; ಹ್ಯೂ ನಾಲ್ಕನೆಯವನು. 1889ರಲ್ಲಿ ಸ್ಕಾಟಿಷ್ ಪರ್ವತಾರೋಹಣ ಕ್ಲಬ್ ಹುಟ್ಟಿದಾಗ ಮೂರು ಸಾವಿರ ಅಡಿ ದಾಟಿದ ಬೆಟ್ಟಗಳು ಮೂವತ್ತರ ಆಸುಪಾಸು ಇರಬಹುದು ಎಂದುಕೊಂಡಿದ್ದರು. ಹ್ಯೂ 1891ರಲ್ಲಿ ಪ್ರಕಟಿಸಿದ ಪಟ್ಟಿಯಲ್ಲಿ 283 ಬೆಟ್ಟಗಳು, ಉಪಶಿಖರಗಳೂ ಸೇರಿ 538 ತುದಿಗಳು. ಈಗ ಅಧಿಕೃತ ಸಂಖ್ಯೆ 282. ಅಜ್ಜ ಗದ್ದೆ ಅಳೆಸಿದ, ಮೊಮ್ಮಗ ಬೆಟ್ಟ ಅಳೆದ. ಇಬ್ಬರ ಹೆಸರೂ ಅಳತೆಗೇ ಅಂಟಿತು.

ಪಟ್ಟಿಯ ಸಂಖ್ಯೆ ಬದಲಾಗುತ್ತಲೇ ಇರುವುದಕ್ಕೆ ಎರಡು ಕಾರಣ. ಒಂದು ಉಪಕರಣ. ಹ್ಯೂ ಬಳಿ ಇದ್ದದ್ದು ಸರ್ಕಾರಿ ನಕ್ಷೆ ಮತ್ತು ಅನಿರಾಯ್ಡ್ ವಾಯುಭಾರ ಮಾಪಕ. ಮೇಲೆ ಹೋದಂತೆ ಒತ್ತಡ ಇಳಿಯುವುದರ ಮೇಲೆ ಅದು ಎತ್ತರ ಹೇಳುತ್ತದೆ. ಹವೆ ಕೆಟ್ಟರೂ ಒತ್ತಡ ಇಳಿಯುತ್ತದೆ, ಅದು ಎತ್ತರ ಹೆಚ್ಚಾಯಿತು ಎಂದು ತೋರಿಸಿಬಿಡುತ್ತದೆ. ಒಂದು ಮಿಲಿಬಾರ್ ವ್ಯತ್ಯಾಸಕ್ಕೆ ಎಂಟು ಒಂಬತ್ತು ಮೀಟರ್ ತಪ್ಪು. ಆದ್ದರಿಂದ ಎತ್ತರ ಗೊತ್ತಿರುವ ಜಾಗದಲ್ಲಿ ಹತ್ತುವ ಮೊದಲು ಒಮ್ಮೆ, ಇಳಿದ ಮೇಲೆ ಒಮ್ಮೆ ನೋಡಿ ಸರಿಪಡಿಸಿಕೊಳ್ಳಬೇಕು. ಈಗ ಉಪಗ್ರಹದ ಅಳತೆಯಲ್ಲಿ ಸೆಂಟಿಮೀಟರ್ ಲೆಕ್ಕ ಸಿಗುತ್ತದೆ; 2012ರಲ್ಲಿ ಒಂದು ಬೆಟ್ಟ 913.96 ಮೀಟರ್ ಎಂದು ತಿಳಿದು, ಅರ್ಧ ಮೀಟರಿಗೂ ಕಡಿಮೆ ಅಂತರದಲ್ಲಿ ಪಟ್ಟಿಯಿಂದ ಹೊರಬಿತ್ತು. ಎರಡನೆಯದು ಹ್ಯೂ ಬಿಟ್ಟುಹೋದ ಗೊಂದಲ. ಬೇರೆ ಬೆಟ್ಟ ಯಾವುದು, ಅದೇ ಬೆಟ್ಟದ ಇನ್ನೊಂದು ತುದಿ ಯಾವುದು ಎಂಬುದಕ್ಕೆ ಅವನು ನಿಯಮ ಬರೆದಿಡಲಿಲ್ಲ. ಪಟ್ಟಿ ಪರಿಷ್ಕರಿಸುವವರು ಅಂದಾಜಿನ ಮೇಲೆಯೇ ಸೇರಿಸುತ್ತಾರೆ, ತೆಗೆಯುತ್ತಾರೆ. ಎಲ್ಲವನ್ನೂ ಹತ್ತಿ ಮುಗಿಸಿದವರು ಕ್ಲಬ್ಬಿಗೆ ಪತ್ರ ಬರೆದರೆ ಒಂದು ಕ್ರಮಸಂಖ್ಯೆ ಕೊಡುತ್ತಾರೆ. ಅದು 7,000 ದಾಟಿದೆ. ಹ್ಯೂಗೆ ಮಾತ್ರ ತನ್ನ ಪಟ್ಟಿ ಮುಗಿಸಲಾಗಲಿಲ್ಲ, 1919ರಲ್ಲಿ ಸತ್ತ.

ನಮ್ಮ ಕುಮಾರಪರ್ವತವೇ 1,712 ಮೀಟರ್, ಅಲ್ಲಿಯ ಅತಿ ಎತ್ತರದ ಬೆನ್ ನೆವಿಸ್ 1,345 ಮೀಟರ್, ಇದೇನು ಮಹಾ ಎನ್ನಬೇಡಿ. ಅಲ್ಲಿ ನಡಿಗೆ ಶುರುವಾಗುವುದು ಸಮುದ್ರಮಟ್ಟದ ಹತ್ತಿರದಿಂದ, ಮೇಲೆ ನೆರಳಿಲ್ಲ, ಮರವಿಲ್ಲ, ಗಾಳಿಗೆ ತಡೆಯಿಲ್ಲ. ಕುಲದ ಸೀಮೆಯ ಬೆನ್ ವೈವಿಸ್ ಕೂಡ ಮನ್ರೋ ಪಟ್ಟಿಯಲ್ಲಿದೆ. ಗಾರ್ಬಾಟ್ ಬಳಿಯ ಪಾರ್ಕಿಂಗ್‌ನಿಂದ ಹೋಗಿ ಬರಲು ಸುಮಾರು 14 ಕಿಲೋಮೀಟರ್, ಐದಾರು ತಾಸು. ಮೊದಲು ಕಾಡಿನ ದಾರಿ, ಆಮೇಲೆ ಆನ್ ಕ್ಯಾಬರ್ ಎಂಬ ಕಡಿದಾದ ಮೂಗಿನ ಮೇಲೆ ಮೆಟ್ಟಿಲು ಕಟ್ಟಿದ ಏರು, ಆಮೇಲೆ ಅಗಲವಾದ ಪಾಚಿಯ ಬೆನ್ನು. ದಾರಿ ತಪ್ಪುವುದು ಏರಿನಲ್ಲಲ್ಲ, ಈ ಸಪಾಟು ಬೆನ್ನಿನಲ್ಲಿ. ಮಂಜು ಕವಿದರೆ ಎಲ್ಲ ದಿಕ್ಕೂ ಒಂದೇ ಥರ ಕಾಣುತ್ತದೆ, ಅಂಚಿಗೆ ಹೋಗಿಬಿಟ್ಟರೆ ಪೂರ್ವದ ಕಡೆ ಪ್ರಪಾತದಂಥ ಕೊರಕಲುಗಳು. ಹತ್ತುವಾಗಲೇ ದಿಕ್ಸೂಚಿಯಲ್ಲಿ ಮರಳುವ ದಿಕ್ಕು ಗುರುತು ಮಾಡಿಕೊಳ್ಳಬೇಕು. ಫೋನ್ ನಂಬಿದರೆ ಚಳಿಗೆ ಬ್ಯಾಟರಿ ಬೇಗ ಇಳಿಯುತ್ತದೆ. ಪಾಚಿ ತುಳಿದರೆ ಮತ್ತೆ ಬೆಳೆಯಲು ವರ್ಷಗಳು ಬೇಕು, ಆದ್ದರಿಂದ ಕಾಲುದಾರಿ ಬಿಡಬಾರದು. ಚಳಿಗಾಲದಲ್ಲಿ ಹಿಮ ಜಾರುವ ಇಳಿಜಾರು ಅದು, ಅನುಭವವಿಲ್ಲದವರಿಗಲ್ಲ.

ಹೆಸರಿನ ಉಳಿದ ಕವಲುಗಳನ್ನು ಬೇಗ ಮುಗಿಸುತ್ತೇನೆ. ಎಡಿನ್‌ಬರೋದಲ್ಲಿ ಅಲೆಕ್ಸಾಂಡರ್ ಮನ್ರೋ ಎಂಬ ಒಂದೇ ಹೆಸರಿನ ತಂದೆ, ಮಗ, ಮೊಮ್ಮಗ 1720ರಿಂದ 1846ರವರೆಗೆ, ಒಟ್ಟು 126 ವರ್ಷ ಅಂಗರಚನಾ ಶಾಸ್ತ್ರದ ಪ್ರಾಧ್ಯಾಪಕರಾಗಿದ್ದರು. ಮಿದುಳಿನೊಳಗಿನ ಮನ್ರೋ ರಂಧ್ರ ಎಂದು ಮಂಗಳೂರಿನ ವೈದ್ಯ ವಿದ್ಯಾರ್ಥಿಗಳು ಓದುವುದು ಎರಡನೆಯವನ ಹೆಸರು. ಮೊದಲನೆಯವನು ಒಳ್ಳೆಯ ಮೇಷ್ಟ್ರು, ಮೂರನೆಯವನ ಪಾಠಕ್ಕೆ ಅಂಥ ಹೆಸರಿರಲಿಲ್ಲ. ಹುದ್ದೆ ಮನೆತನಕ್ಕೆ ಇಳಿದರೆ ಆಗುವುದೇ ಅದು. ಅಮೆರಿಕದ ಅಧ್ಯಕ್ಷ ಜೇಮ್ಸ್ ಮನ್ರೋ, 1823ರ ಮನ್ರೋ ಸಿದ್ಧಾಂತದವನು, 17ನೇ ಶತಮಾನದಲ್ಲಿ ವರ್ಜೀನಿಯಾಕ್ಕೆ ಹೋದ ಸ್ಕಾಟಿಷ್ ಮನ್ರೋ ಒಬ್ಬನ ವಂಶ. ಮರ್ಲಿನ್ ಮನ್ರೋಗೆ ಅದು ತಾಯಿಯ ತವರಿನ ಹೆಸರು, ನೊಬೆಲ್ ಪಡೆದ ಆಲಿಸ್ ಮನ್ರೋಗೆ ಗಂಡನ ಹೆಸರು. ತಿರುವಿತಾಂಕೂರಿನ ಜಾನ್ ಮನ್ರೋ ಮಾತ್ರ ಅಪ್ಪಟ ಕುಲಸೀಮೆಯವನು, ಆಲ್ನೆಸ್‌ನ ಟೀನಿನಿಕ್ ಮನೆತನ. ಟೀನಿನಿಕ್ ವಿಸ್ಕಿ ಭಟ್ಟಿಯನ್ನು 1817ರಲ್ಲಿ ಅಲ್ಲಿ ಶುರು ಮಾಡಿದವನು ಅವನ ಅಣ್ಣ.

ಹಳೆಯ ಕಾಗದದಲ್ಲಿ ಬರಿಯ ‘ಮನ್ರೋ’ ಸಿಕ್ಕಿದರೆ ಹೆಸರಿಗಿಂತ ಮೊದಲು ಪದವಿ, ವರ್ಷ, ಸ್ಥಳ ನೋಡಿ. 1782ರ ಹಿಂದಿನ ಮೇಜರ್ ಅಥವಾ ಸರ್ ಹೆಕ್ಟರ್ ನೋವಾರ್‌ನವನು. 1799ರಲ್ಲಿ ಕೆನರಾದ ಕ್ಯಾಪ್ಟನ್, 1800ರಿಂದ ಮೇಜರ್ ಎಂದಿದ್ದರೆ ಥಾಮಸ್. 1807ರಿಂದ 1814ರವರೆಗೆ ಥಾಮಸ್ ಬ್ರಿಟನ್ನಿನಲ್ಲಿದ್ದ, ಆ ಏಳು ವರ್ಷಗಳಲ್ಲಿ ದಕ್ಷಿಣ ಭಾರತದಲ್ಲಿ ಕಾಣುವ ಮನ್ರೋ ಅವನಾಗಲು ಸಾಧ್ಯವಿಲ್ಲ. 1810ರಿಂದ 1819ರವರೆಗಿನ ‘ರೆಸಿಡೆಂಟ್ ಕರ್ನಲ್ ಮನ್ರೋ’ ಜಾನ್. ಆದರೆ ಆ ಅವಧಿಯ ಒಳಗೇ, 1817ರಲ್ಲಿ, ಮಲಬಾರಿನ ಬಗ್ಗೆ ವರದಿ ಬರೆದ ಕರ್ನಲ್ ಮನ್ರೋ ಥಾಮಸ್. ಕೇರಳದ ಕಡತಗಳಲ್ಲಿ ಹೆಚ್ಚು ಜನ ಜಾರುವುದು ಇಲ್ಲೇ. ‘ಸರ್ ಥಾಮಸ್’ ಎಂದು ಬಂದರೆ 1819ರ ನಂತರದ್ದು.

ಸ್ಕಾಟ್ಲೆಂಡಿನ ಕಡೆಯ ಹುಡುಕಾಟಕ್ಕೆ ಸ್ಕಾಟ್ಲೆಂಡ್ಸ್ ಪೀಪಲ್ ಎಂಬ ಸರ್ಕಾರಿ ಜಾಲತಾಣವೇ ಮೊದಲ ಮೆಟ್ಟಿಲು. ಸೂಚಿ ನೋಡಲು ದುಡ್ಡಿಲ್ಲ. ಪುಟದ ಚಿತ್ರ ಬೇಕೆಂದರೆ ಕ್ರೆಡಿಟ್ ಕೊಳ್ಳಬೇಕು. ಹೆಸರನ್ನು ಒಂದೇ ಕಾಗುಣಿತದಲ್ಲಿ ಹುಡುಕಬೇಡಿ, ಒಂದೇ ಮನೆಯವರನ್ನು ಒಬ್ಬ ಪಾದ್ರಿ ಯು ಅಕ್ಷರದಲ್ಲಿ, ಇನ್ನೊಬ್ಬ ಓ ಅಕ್ಷರದಲ್ಲಿ ಬರೆದಿರುತ್ತಾನೆ. ಇಂಗ್ಲಿಷಿನ ಎರಡನೆಯ ಅಕ್ಷರದ ಜಾಗದಲ್ಲಿ ಪ್ರಶ್ನಾರ್ಥಕ ಚಿಹ್ನೆ, ಕೊನೆಯಲ್ಲಿ ನಕ್ಷತ್ರ ಚಿಹ್ನೆ ಹಾಕಿದರೆ Munro, Monro, Munroe, Monroe ಎಂಬ ನಾಲ್ಕೂ ರೂಪ ಒಟ್ಟಿಗೆ ಬರುತ್ತವೆ. 1855ರ ಜನವರಿ 1ರಿಂದ ನಾಗರಿಕ ನೋಂದಣಿ ಇದೆ, ಅದಕ್ಕೆ ಹಿಂದೆ ಹೋದರೆ ಇಗರ್ಜಿಯ ಪುಸ್ತಕಗಳು ಮಾತ್ರ, ಅದೂ ಹೈಲ್ಯಾಂಡ್‌ನಲ್ಲಿ ತಡವಾಗಿ ಶುರುವಾದವು, ನಡುನಡುವೆ ಪುಟಗಳಿಲ್ಲ. 1855ನೇ ವರ್ಷದ ಜನನ ದಾಖಲೆ ಸಿಕ್ಕಿದರೆ ಅದೃಷ್ಟ: ತಂದೆತಾಯಿಯ ವಯಸ್ಸು, ಹುಟ್ಟಿದ ಊರು, ಉಳಿದ ಮಕ್ಕಳೆಷ್ಟು ಎಂಬುದನ್ನೆಲ್ಲ ಆ ಒಂದು ವರ್ಷ ಬರೆಸಿದರು, ಬರೆಯುವವರಿಗೆ ಹೊರೆಯಾಯಿತೆಂದು ಮರುವರ್ಷವೇ ಕೈಬಿಟ್ಟರು. ಹೆಂಗಸರನ್ನು ತವರಿನ ಹೆಸರಿನಲ್ಲೂ ಹುಡುಕಿ, ಸ್ಕಾಟಿಷ್ ದಾಖಲೆ ಅದನ್ನು ಉಳಿಸಿಕೊಳ್ಳುತ್ತದೆ. ಮೊದಲ ಗಂಡುಮಗುವಿಗೆ ತಂದೆಯ ತಂದೆಯ ಹೆಸರು, ಎರಡನೆಯದಕ್ಕೆ ತಾಯಿಯ ತಂದೆಯ ಹೆಸರು ಇಡುವ ರೂಢಿಯಿಂದಾಗಿ ಒಂದೇ ಗ್ರಾಮದಲ್ಲಿ ಒಂದೇ ವಯಸ್ಸಿನ ಹಲವು ಹೆಕ್ಟರ್ ಮನ್ರೋಗಳು ಇರುತ್ತಾರೆ. ಹೊಲದ ಹೆಸರು, ಕಸುಬು, ತಾಯಿಯ ತವರು ಮೂರೂ ಹೊಂದಿದರಷ್ಟೇ ಅವನೇ ಎಂದು ಒಪ್ಪಬೇಕು.

ಭಾರತದಲ್ಲಿ ಹುಟ್ಟಿದ, ಮದುವೆಯಾದ, ಸತ್ತ ಮನ್ರೋಗಳು ಬೇಕಿದ್ದರೆ ಬ್ರಿಟಿಷ್ ಲೈಬ್ರರಿಯ ಇಂಡಿಯಾ ಆಫೀಸ್ ಕಡತಗಳಲ್ಲಿ ಎನ್ ಸರಣಿ ನೋಡಬೇಕು. ಎನ್ 1 ಬಂಗಾಳ, ಎನ್ 2 ಮದ್ರಾಸ್, ಎನ್ 3 ಬೊಂಬಾಯಿ. ಕಾಸರಗೋಡು, ಮಂಗಳೂರು, ಬಳ್ಳಾರಿ, ಅನಂತಪುರ, ಕೃಷ್ಣಗಿರಿ ಎಲ್ಲವೂ ಎನ್ 2. ಕೆನರಾದ ಉತ್ತರ ಭಾಗ 1862ರಲ್ಲಿ ಬೊಂಬಾಯಿಗೆ ಸೇರಿದ್ದರಿಂದ ಕಾರವಾರ, ಹೊನ್ನಾವರದ ದಾಖಲೆಗಳನ್ನು ಆ ವರ್ಷದ ಹಿಂದೆ ಮದ್ರಾಸಿನಲ್ಲಿ, ಮುಂದೆ ಎನ್ 3ರಲ್ಲಿ ಹುಡುಕಬೇಕು. ಸೊಲ್ಲಾಪುರದ್ದೂ ಎನ್ 3ರಲ್ಲೇ.